ಓಡುವ ಕಾಲು, ನೋಡುವ ಕಣ್ಣು

ಪುಣೆ, ಸೊಲ್ಲಾಪುರ ದಾಟಿ, ಹುಮನಾಬಾದ ಹಾದು, ಜಹೀರಾಬಾದಿನ ಮೇಲಿಂದ ಹೈದರಾಬಾದಿಗೆ ಹೋಗುವ ಹೆದ್ದಾರಿ ಬೀದರ ಜಿಲ್ಲೆಯ ಮನ್ನಾಏಖೇಳ್ಳಿಯ ನಡುವೆಯೇ ಹರಿದುಹೋಗುತ್ತದೆ. ಮೊದಲು ಇದಕ್ಕೆ 9ನೇ ನಂಬರು ಇತ್ತು, ಈಗ 65. ಇಲ್ಲಿಂದಲೇ ಒಂದು ದಾರಿ ಬೀದರಿನ ಕಡೆಗೆ ಒಡೆಯುತ್ತದೆ. ರಾತ್ರಿಯೆಲ್ಲ ಲಾರಿಗಳ ಸದ್ದು ನಿಲ್ಲುವುದಿಲ್ಲ. ನಸುಕಿನಲ್ಲಿ ಕ್ರಾಸಿನ ಹೋಟೆಲಿನವರು ಸ್ಟೋವ್ ಹಚ್ಚಿ ಚಹಾದ ಪಾತ್ರೆ ಇಡುತ್ತಾರೆ. ಚುರುಮುರಿ ನೆನೆಸಿ ಹಿಂಡಿ, ಒಗ್ಗರಣೆಗೆ ಹಾಕಿದ ಸುಸಲಾದ ವಾಸನೆ ಡೀಸೆಲ್ ಹೊಗೆಯ ಜೊತೆ ಬೆರೆಯುತ್ತದೆ. ಹಾಲಿನ ಕ್ಯಾನು ಕಟ್ಟಿಕೊಂಡ ಬೈಕುಗಳು ಹಳ್ಳಿಗಳ ಒಳದಾರಿಯಿಂದ ಒಂದೊಂದಾಗಿ ಮೇಲೆ ಬರುತ್ತವೆ.

ಅದೇ ಹೊತ್ತಿಗೆ ರಸ್ತೆಯ ಅಂಚಿನಲ್ಲಿ ಹುಡುಗರು ಓಡುತ್ತಾರೆ. ಮೂವರು ಮುಂದೆ, ಇಬ್ಬರು ಹಿಂದೆ, ತುಸು ದೂರದಲ್ಲಿ ಒಬ್ಬ. ಕೆಲವರ ಕಾಲಲ್ಲಿ ಬೂಟು, ಕೆಲವರದು ಬರಿಗಾಲು. ಹಿಂದಿನಿಂದ ಲಾರಿಯ ಬೆಳಕು ಬಿದ್ದಾಗ ಅವರ ನೆರಳು ಮುಂದೆ ಉದ್ದಕ್ಕೆ ಚಾಚುತ್ತದೆ. ಲಾರಿ ಹತ್ತಿರವಾದಂತೆ ನೆರಳು ಗಿಡ್ಡವಾಗಿ ಪಕ್ಕಕ್ಕೆ ಸರಿದು ಮಾಯವಾಗುತ್ತದೆ. ಹಾರ್ನ್ ಕೇಳಿದ ಕೂಡಲೇ ಎಲ್ಲರೂ ಡಾಂಬರು ಬಿಟ್ಟು ಗರಸಿನ ಮೇಲೆ ಇಳಿಯುತ್ತಾರೆ. ಲಾರಿ ಹೋದ ಮೇಲೆ ಮತ್ತೆ ಡಾಂಬರಿಗೆ. ಒಬ್ಬನ ಕೈಯಲ್ಲಿ ಮೊಬೈಲು, ಅದರಲ್ಲಿ ಸೆಕೆಂಡುಗಳು ಓಡುತ್ತಿರುತ್ತವೆ.

ಹೊಲಕ್ಕೆ ಹೊರಟ ಮುದುಕರೊಬ್ಬರು ನಿಂತು ಕೇಳುತ್ತಾರೆ: "ಇಷ್ಟ್ ನಸಕಿನ್ಯಾಗ ಎಲ್ಲಿಗಿ ಓಡ್ಲತ್ತೀರೋ ತಮ್ಮಾ?"

"ಭರ್ತಿ ಬರ್ತದ ಕಾಕಾ, ಪೊಲೀಸ್ ಭರ್ತಿ."

ಕರ್ನಾಟಕದ ಪೊಲೀಸ್ ಕಾನ್‌ಸ್ಟೆಬಲ್ ನೇಮಕಾತಿಯಲ್ಲಿ ಗಂಡುಮಕ್ಕಳು 1,600 ಮೀಟರನ್ನು 6 ನಿಮಿಷ 30 ಸೆಕೆಂಡಿನೊಳಗೆ ಓಡಬೇಕು, ಹೆಣ್ಣುಮಕ್ಕಳು 400 ಮೀಟರನ್ನು 2 ನಿಮಿಷದೊಳಗೆ. ಬೀದರ ಜಿಲ್ಲೆಯ ಹಳ್ಳಿಗಳಲ್ಲಿ ಓಟವೆಂದರೆ ಇಂದು ಬಹುಪಾಲು ಇದೇ. ನೌಕರಿಯ ಬಾಗಿಲಿಗೆ ಇರುವ ಒಂದು ಅಳತೆ. ಅಳತೆ ದಾಟಿದವರು ಸಮವಸ್ತ್ರ ತೊಟ್ಟು ಊರು ಬಿಡುತ್ತಾರೆ. ದಾಟದವರು ಇನ್ನೊಂದು ವರ್ಷ ಓಡಿ, ವಯಸ್ಸು ಮೀರಿದ ಮೇಲೆ ಬಿಟ್ಟುಬಿಡುತ್ತಾರೆ. ಅವರಲ್ಲಿ ಯಾರ ಕಾಲಲ್ಲಿ 1,600 ಮೀಟರಿನಾಚೆಯೂ ಮುಗಿಯದ ಕಸುವಿತ್ತು ಎಂದು ಬರೆದಿಟ್ಟುಕೊಂಡವರು ಯಾರೂ ಇಲ್ಲ.

ಈ ನೆಲವೇ ಓಟ ಕಲಿಸುವಂಥದು. ಹುಮನಾಬಾದ, ಚಿಟಗುಪ್ಪ ಸುತ್ತಿನ ಎತ್ತರದ ಬಯಲಿನಲ್ಲಿ ಒಂದು ಕಡೆ ಜಂಬಿಟ್ಟಿಗೆಯ ಕೆಂಪು ನೆಲ, ಇನ್ನೊಂದು ಕಡೆ ಎರೆ ಹೊಲ. ಕೆಂಪು ನೆಲದಲ್ಲಿ ಮಳೆ ಬಂದರೂ ಕಾಲು ಹುಗಿಯುವುದಿಲ್ಲ. ಎರೆಯಲ್ಲಿ ಒಂದು ಮಳೆ ಬಿದ್ದರೆ ಹೆಜ್ಜೆಗೊಂದು ಹೆಂಟೆ ಅಂಟಿಕೊಂಡು ಕಾಲು ಭಾರವಾಗುತ್ತದೆ. ಹೆಸರು, ಉದ್ದು, ಸೋಯಾ ಕೊಯ್ದ ಹೊಲದಲ್ಲಿ ಓಡಬಹುದು, ತೊಗರಿ ಕೊಯ್ದ ಹೊಲದಲ್ಲಿ ಕಣ್ಣು ನೆಲದ ಮೇಲೇ ಇರಬೇಕು; ಓರೆಯಾಗಿ ಕತ್ತರಿಸಿದ ತೊಗರಿಯ ಕೂಳೆ ಅಂಗಾಲಿಗೆ ನೆಟ್ಟರೆ ವಾರಗಟ್ಟಲೆ ಕುಂಟಬೇಕು. ನಡುನಡುವೆ ಒಡ್ಡು, ಬದು, ಜಾಲಿಮುಳ್ಳಿನ ಬೇಲಿ, ಮಳೆಗಾಲದಲ್ಲಿ ಮಾತ್ರ ಹರಿಯುವ ಹಳ್ಳ.

ಎಳ್ಳ ಅಮಾವಾಸ್ಯೆಯ ದಿನ ಊರಿಗೆ ಊರೇ ಹೊಲಕ್ಕೆ ಹೋಗುತ್ತದೆ. ಸಜ್ಜೆ ಕಡುಬು, ಹತ್ತಾರು ಕಾಳು ಕಾಯಿಪಲ್ಲೆ ಕೂಡಿಸಿದ ಭಜ್ಜಿ, ಮಣ್ಣಿನ ಗಡಿಗೆಯ ಅಂಬಲಿ. ಭೂತಾಯಿಗೆ ಪೂಜೆ ಮಾಡಿ, ಹೊಲದ ಸುತ್ತ ಚರಗ ಚೆಲ್ಲಿ, ದೊಡ್ಡವರು ಊಟಕ್ಕೆ ಕೂತ ಮೇಲೆ ಹುಡುಗರನ್ನು ಹಿಡಿಯುವವರಿಲ್ಲ. ಈ ಹೊಲದಿಂದ ಆ ಹೊಲಕ್ಕೆ, ಒಡ್ಡು ಹಾರಿ, ಕಾಲುವೆ ದಾಟಿ, ಕಡಲೆ ಸಾಲಿನ ಮಧ್ಯೆ ಓಡುತ್ತಾರೆ. ಅಲ್ಲಿ ಸೀಟಿ ಊದುವವರು ಯಾರೂ ಇರುವುದಿಲ್ಲ. ಯಾರು ಮುಂದೆ, ಯಾರು ಹಿಂದೆ ಎಂಬುದು ಮಾತ್ರ ಎಲ್ಲರಿಗೂ ಗೊತ್ತಿರುತ್ತದೆ.

ಇದೇ ಆಟಕ್ಕೆ ಬೇರೊಂದು ದೇಶದಲ್ಲಿ ನಿಯಮ, ಗಡಿಯಾರ, ಪದಕ ಎಲ್ಲ ಬಂದವು. ಐರ್ಲೆಂಡಿನ ಕಾರ್ಕ್ ಸೀಮೆಯಲ್ಲಿ 1752ರಲ್ಲಿ ಇಬ್ಬರು ಗೆಳೆಯರು ಪಂಥ ಕಟ್ಟಿ, ಒಂದು ಊರಿನ ಚರ್ಚಿನ ಗೋಪುರದಿಂದ ಇನ್ನೊಂದು ಊರಿನ ಚರ್ಚಿನ ಗೋಪುರದವರೆಗೆ ಬೇಲಿ, ಹಳ್ಳ ಯಾವುದನ್ನೂ ಲೆಕ್ಕಿಸದೆ ಕುದುರೆ ಓಡಿಸಿದರು ಎಂದು ಹೇಳುತ್ತಾರೆ. ಸುಮಾರು 100 ವರ್ಷದ ನಂತರ ಇಂಗ್ಲೆಂಡಿನ ಆಕ್ಸ್‌ಫರ್ಡ್ ವಿದ್ಯಾರ್ಥಿಗಳು ಕುದುರೆ ಬಿಟ್ಟು ತಾವೇ ಹಾಗೆ ಓಡಿದರು. ಅದು ಸ್ಟೀಪಲ್‌ಚೇಸ್ ಆಯಿತು. 1900ರ ಪ್ಯಾರಿಸ್ ಒಲಿಂಪಿಕ್ಸ್‌ಗೆ ಬಂತು. 1920ರಿಂದ ಅದರ ದೂರ 3,000 ಮೀಟರ್. ಈಗಿನ ನಿಯಮದಲ್ಲಿ ಓಟಗಾರ 28 ಸಲ ಅಡ್ಡತೊಲೆ ದಾಟಬೇಕು, 7 ಸಲ ನೀರಿನ ಗುಂಡಿ ಹಾರಬೇಕು. ಗಂಡಸರ ತೊಲೆಯ ಎತ್ತರ 91.4 ಸೆಂಟಿಮೀಟರ್, ಹೆಂಗಸರದು 76.2. ಗುದ್ದಿದರೆ ಬೀಳುವ ಹಗುರ ಹರ್ಡಲ್ ಅದಲ್ಲ. ತೊಲೆ ಅಲುಗುವುದಿಲ್ಲ, ಬೀಳುವುದು ಓಟಗಾರನೇ.

1920ರ ಆ ಓಟ ಗೆದ್ದವರು ಬ್ರಿಟನ್ನಿನ ಪರ್ಸಿ ಹಾಡ್ಜ್, ಗರ್ನ್‌ಸಿ ದ್ವೀಪದಲ್ಲಿ ಹುಟ್ಟಿದವರು. ಅದೇ ವರ್ಷದ ಇಂಗ್ಲಿಷ್ ಚಾಂಪಿಯನ್‌ಷಿಪ್ ಓಟದಲ್ಲಿ ಹಿಂದಿದ್ದವರು ತುಳಿದು ಅವರ ಬೂಟು ಕಳಚಿಹೋಯಿತು. ನಿಂತು ಹಾಕಿಕೊಂಡು ಮತ್ತೆ ಓಡಿ ಗೆದ್ದರು. ತಟ್ಟೆಯಲ್ಲಿ ಶೀಸೆ, ಗ್ಲಾಸು ಇಟ್ಟುಕೊಂಡು, ಒಂದು ಹನಿ ಚೆಲ್ಲದಂತೆ ತೊಲೆ ಹಾರಿ ಜನರಿಗೆ ತೋರಿಸುತ್ತಿದ್ದರಂತೆ. ಆಂಟ್ವರ್ಪ್‌ನಲ್ಲಿ ಅವರ ಸಮಯ 10 ನಿಮಿಷ 0.4 ಸೆಕೆಂಡು. ಸ್ಟೀಪಲ್‌ಚೇಸಿನಲ್ಲಿ ಆಗ ಭಾರತದವರು ಯಾರೂ ಇರಲಿಲ್ಲ. ಆದರೆ ಎರಡೇ ದಿನದ ನಂತರ, ಅದೇ ಊರಿನ ರಸ್ತೆಯ ಮೇಲೆ, ಕನ್ನಡ ನೆಲದ ಒಬ್ಬ ಹವ್ಯಾಸಿ ಓಟಗಾರ ಓಡಿದರು. ಬೆಳಗಾವಿಯ ಫಡೆಪ್ಪ ದರೆಪ್ಪ ಚೌಗುಲೆ.

ಕಾಸಿಲ್ಲದ ಓಟ

ಹವ್ಯಾಸಿ ಎಂಬುದು ಆ ಕಾಲದಲ್ಲಿ ಕಟ್ಟುನಿಟ್ಟಿನ ಕಾನೂನು. ಓಟಕ್ಕೆ ಒಂದು ಕಾಸು ಪಡೆದವನಿಗೂ ಒಲಿಂಪಿಕ್ಸ್‌ನಲ್ಲಿ ಜಾಗವಿರಲಿಲ್ಲ. 1912ರಲ್ಲಿ ಎರಡು ಚಿನ್ನ ಗೆದ್ದ ಅಮೆರಿಕದ ಮೂಲನಿವಾಸಿ ಜಿಮ್ ಥಾರ್ಪ್ ಅದಕ್ಕೂ ಮೊದಲು ಬೇಸ್‌ಬಾಲ್ ಆಡಿ ಅಲ್ಪ ಸಂಬಳ ಪಡೆದಿದ್ದರೆಂದು 1913ರಲ್ಲಿ ಅವರ ಪದಕಗಳನ್ನೇ ಕಿತ್ತುಕೊಂಡರು. ಈ ನಿಯಮದ ಬೇರು ಇನ್ನೂ ಕಹಿ. ಇಂಗ್ಲೆಂಡಿನಲ್ಲಿ 1866ರ ವ್ಯಾಖ್ಯೆಯ ಪ್ರಕಾರ ಕುಶಲಕರ್ಮಿ, ಕೂಲಿಕಾರ ಮೊದಲಾದವರು ಹವ್ಯಾಸಿಗಳೇ ಅಲ್ಲ. ದುಡಿಯುವ ಮೈಗೆ ಓಡುವ ಅನುಕೂಲ ಹೆಚ್ಚು ಎಂಬುದು ನಿಯಮ ಮಾಡಿದವರ ನೆಪ. ಆಳುಗಳ ಪಕ್ಕದಲ್ಲಿ ನಿಂತು ಓಡಲು ಸಿರಿವಂತರಿಗೆ ಮನಸ್ಸಿರಲಿಲ್ಲ ಎಂಬುದು ನಿಜ. 1880ರಲ್ಲಿ ಆ ಮಾತನ್ನು ಕಾಗದದಿಂದ ತೆಗೆದರು. ಆದರೂ ಸಂಬಳವಿಲ್ಲದೆ ತಿಂಗಳುಗಟ್ಟಲೆ ಓಡಬಲ್ಲವನು ಮನೆಯಲ್ಲಿ ಹೊಟ್ಟೆಗಿದ್ದವನೇ.

ನಮ್ಮ ಕಡೆ ಲೆಕ್ಕವೇ ಬೇರೆ. ಜಾತ್ರೆಯಲ್ಲಿ ಗೆದ್ದ ಪೈಲ್ವಾನನಿಗೆ ಬೆಳ್ಳಿ ಕಡಗ ತೊಡಿಸುತ್ತಾರೆ, ಪಟಕಾ ಸುತ್ತುತ್ತಾರೆ, ಇನಾಮು ಕೊಡುತ್ತಾರೆ. ಗೆದ್ದವನಿಗೆ ಊರು ಏನಾದರೂ ಕೊಡುವುದು ಮರ್ಯಾದೆ, ತೆಗೆದುಕೊಳ್ಳುವುದು ಕೀಳಲ್ಲ. ಕಡಗ ಇದ್ದಲ್ಲಿ ಕುಸ್ತಿ ಬೆಳೆಯಿತು. ಒಂದೊಂದು ಊರಿಗೆ ಗರಡಿ, ಉಸ್ತಾದ, ಕೆಮ್ಮಣ್ಣು, ಬಾದಾಮಿ, ಹಾಲು. ದೂರದ ಓಟಕ್ಕೆ ಇದ್ಯಾವುದೂ ಇರಲಿಲ್ಲ. ಓಡುವವನು ಒಬ್ಬನೇ ಓಡಿದ, ಒಬ್ಬನೇ ದಣಿದ. ಅಂಥ ಓಟಗಾರನನ್ನು ಯಾರಾದರೂ ನಿಂತು ನೋಡಿ, ಗಡಿಯಾರ ಹಿಡಿದು ಅಳೆಯಬೇಕಿತ್ತು.

ಅಳೆದದ್ದು ಪುಣೆಯಲ್ಲಿ. 1906ರಲ್ಲಿ ಶುರುವಾದ ಡೆಕ್ಕನ್ ಜಿಮ್‌ಖಾನಾ ಅಲ್ಲಿ ವರ್ಷಕ್ಕೊಮ್ಮೆ ಕ್ರೀಡಾಕೂಟ ನಡೆಸುತ್ತಿತ್ತು. 1919ರಲ್ಲಿ ಅದರ ಅಧ್ಯಕ್ಷರಾದವರು ಉದ್ಯಮಿ ಸರ್ ದೊರಾಬ್ಜಿ ಟಾಟಾ. ಕೇಂಬ್ರಿಡ್ಜಿನಲ್ಲಿ ಓದುವಾಗ ಸ್ವತಃ ಆಟಗಾರರಾಗಿದ್ದ ಅವರಿಗೆ ಓಟದ ಹದ ಗೊತ್ತಿತ್ತು. ಕೂಟದ ದೂರದ ಓಟಕ್ಕೆ ಸುತ್ತಲಿನ ಹಳ್ಳಿಗಳ ರೈತಮಕ್ಕಳು ಬಂದಿದ್ದರು. ಬರಿಗಾಲು, ಯಾವ ತರಬೇತಿಯೂ ಇಲ್ಲ. ಆದರೂ ಅವರ ಸಮಯ ಯುರೋಪಿನ ಓಟಗಾರರ ಸಮಯಕ್ಕೆ ಬಹಳ ದೂರವಿರಲಿಲ್ಲ. ಟಾಟಾ ಅದನ್ನು ಗುರುತಿಸಿದರು. ಅಂದು ಬಂದಿದ್ದ ಮುಂಬೈ ಗವರ್ನರ್ ಜಾರ್ಜ್ ಲಾಯ್ಡ್ ಅವರ ಮುಂದೆ ಮಾತೆತ್ತಿದರು: ಇವರನ್ನು 1920ರ ಒಲಿಂಪಿಕ್ಸ್‌ಗೆ ಕಳಿಸಬಾರದೇಕೆ?

ಭಾರತದ ಒಲಿಂಪಿಕ್ಸ್ ಚರಿತ್ರೆಯಲ್ಲಿ ನನಗೆ ಎಲ್ಲಕ್ಕಿಂತ ದೊಡ್ಡದಾಗಿ ಕಾಣುವ ಗಳಿಗೆ ಇದು. ಬರಿಗಾಲಿನ ಹುಡುಗರು ಅಲ್ಲಿ ಹಿಂದಿನ ವರ್ಷಗಳಲ್ಲೂ ಓಡಿದ್ದರು, ಜನ ನೋಡಿ ಚಪ್ಪಾಳೆ ತಟ್ಟಿ ಮನೆಗೆ ಹೋಗಿದ್ದರು. ಈ ಸಲ ಒಬ್ಬರು ಗಡಿಯಾರ ನೋಡಿದರು, ಆ ಅಂಕಿಯನ್ನು ಜಗತ್ತಿನ ಅಂಕಿಯ ಪಕ್ಕದಲ್ಲಿ ಇಟ್ಟರು, ಆಮೇಲೆ ಸುಮ್ಮನೆ ಕೂರಲಿಲ್ಲ.

ಆಗಿನ ತಿಳಿವಳಿಕೆ ಎಷ್ಟಿತ್ತು ಎನ್ನುವುದಕ್ಕೆ ಒಂದು ಪ್ರಸಂಗ ಹೇಳುತ್ತಾರೆ. ಆಯ್ಕೆಯ ಸಭೆಯಲ್ಲಿ 100 ಮೀಟರ್ ಓಟಕ್ಕೆ ಎಷ್ಟು ಸಮಯ ಇಡೋಣ ಎಂಬ ಪ್ರಶ್ನೆ ಬಂದಾಗ ಒಬ್ಬರು ಒಂದೆರಡು ನಿಮಿಷ ಇರಬಹುದು ಎಂದರಂತೆ. ಅದನ್ನು ಸೆಕೆಂಡಿನಲ್ಲಿ, ಸೆಕೆಂಡಿನ ಹತ್ತನೇ ಭಾಗದಲ್ಲಿ ಅಳೆಯುತ್ತಾರೆಂದು ತಿಳಿದವರು ಹೇಳಬೇಕಾಯಿತು. ಅಂಥ ದೇಶದಿಂದ, 1920ರ ವಸಂತದಲ್ಲಿ ಪುಣೆಯಲ್ಲಿ ನಡೆದ ಆಯ್ಕೆಯ ನಂತರ, ಒಂದು ಪುಟ್ಟ ತಂಡ ಸಿದ್ಧವಾಯಿತು. ಬಂಗಾಳದ ಪೂರ್ಮಾ ಬ್ಯಾನರ್ಜಿ, ಬೆಳಗಾವಿಯ ಚೌಗುಲೆ, ಹುಬ್ಬಳ್ಳಿಯ ಕೈಕಾಡಿ, ಸತಾರಾದ ಸದಾಶಿವ ದಾತಾರ, ಜೊತೆಗೆ ಕುಮಾರ ನವಲೆ ಮತ್ತು ರಣಧೀರ ಶಿಂದೆ ಎಂಬ ಇಬ್ಬರು ಪೈಲ್ವಾನರು. ಆರು ಜನರಲ್ಲಿ ಇಬ್ಬರು ಇಂದಿನ ಕರ್ನಾಟಕದವರು. ಖರ್ಚಿನ ದೊಡ್ಡ ಭಾರವನ್ನು ಟಾಟಾ ತಮ್ಮ ಕೈಯಿಂದಲೇ ಹೊತ್ತರು.

ಬೆಳಗಾವಿಯಿಂದ ಆಂಟ್ವರ್ಪ್

1920ರ ಬೇಸಗೆ ಕನ್ನಡಿಗರಿಗೆ ತಳಮಳದ ಕಾಲ. ಕನ್ನಡ ಮಾತಾಡುವ ನೆಲ ಮುಂಬೈ ಪ್ರಾಂತ್ಯ, ಮದ್ರಾಸ್ ಪ್ರಾಂತ್ಯ, ನಿಜಾಮನ ಹೈದರಾಬಾದು, ಮೈಸೂರು, ಕೊಡಗು ಹಾಗೂ ಹಲವು ಸಣ್ಣ ಸಂಸ್ಥಾನಗಳಲ್ಲಿ ಹರಿದು ಹಂಚಿಹೋಗಿತ್ತು. ಅದೇ ವರ್ಷ ಧಾರವಾಡದಲ್ಲಿ ವಿ.ಪಿ. ಮಾಧವರಾವ್ ಅವರ ಅಧ್ಯಕ್ಷತೆಯಲ್ಲಿ ಕರ್ನಾಟಕ ರಾಜಕೀಯ ಪರಿಷತ್ತು ಸೇರಿ, ಕನ್ನಡ ಸೀಮೆಗಳನ್ನು ಒಂದು ಮಾಡಬೇಕೆಂದು ಕೇಳಿತು. ಚೌಗುಲೆಯವರ ಬೆಳಗಾವಿ ಬಾಲಗಂಗಾಧರ ತಿಲಕರು 1916ರಲ್ಲಿ ಹೋಂ ರೂಲ್ ಲೀಗ್ ಆರಂಭಿಸಿದ ಊರು. ತಂಡ ಇಂಗ್ಲೆಂಡ್ ತಲುಪಿ ತರಬೇತಿ ಮಾಡುತ್ತಿದ್ದಾಗ, ಆಗಸ್ಟ್ 1ರಂದು, ತಿಲಕರು ಮುಂಬೈಯಲ್ಲಿ ತೀರಿಕೊಂಡರು. ಅದೇ ದಿನ ಗಾಂಧೀಜಿಯ ಅಸಹಕಾರ ಚಳವಳಿ ಶುರುವಾಯಿತು. ತನ್ನ ನಾಡು ಬ್ರಿಟಿಷರಿಗೆ ಬೆನ್ನು ತಿರುಗಿಸಿ ನಿಲ್ಲುತ್ತಿದ್ದ ಹೊತ್ತಿನಲ್ಲಿ, ಒಬ್ಬ ಬೆಳಗಾವಿಯ ತರುಣ ಬ್ರಿಟಿಷರದೇ ದೇಶದ ಮೈದಾನದಲ್ಲಿ ಓಟ ಅಭ್ಯಾಸ ಮಾಡುತ್ತಿದ್ದ.

ಆಂಟ್ವರ್ಪ್ ಇನ್ನೂ ಯುದ್ಧದ ಗಾಯದಲ್ಲಿತ್ತು. ಮಹಾಯುದ್ಧ ಮುಗಿದು ಎರಡು ವರ್ಷವೂ ತುಂಬಿರಲಿಲ್ಲ. ಅದೇ ಬೆಲ್ಜಿಯಮ್ಮಿನ ಈಪ್ರ್ ಕಂದಕಗಳಲ್ಲಿ ಭಾರತದ ಸಿಪಾಯಿಗಳು ಚಳಿಗೆ, ಗುಂಡಿಗೆ, ವಿಷಾನಿಲಕ್ಕೆ ಬಲಿಯಾಗಿದ್ದರು. ಈ ನೆಲಕ್ಕೆ ಮೊನ್ನೆ ಭಾರತದವರು ಬಂದದ್ದು ಸಾಯುವುದಕ್ಕೆ. ಈಗ ಆರು ಜನ ಬಂದದ್ದು ಆಡುವುದಕ್ಕೆ. ಆಗಸ್ಟ್ 14ರಂದು ಕ್ರೀಡೆಗಳು ವಿಧಿವತ್ತಾಗಿ ಆರಂಭವಾದವು. ಐದು ಉಂಗುರಗಳ ಬಾವುಟ ಒಲಿಂಪಿಕ್ಸ್ ಅಂಗಳದಲ್ಲಿ ಹಾರಿದ್ದು ಅದೇ ಮೊದಲು. ಆಟಗಾರರ ಪರವಾಗಿ ಬೆಲ್ಜಿಯಮ್ಮಿನ ವಿಕ್ಟರ್ ಬುವಾಂ ಪ್ರತಿಜ್ಞೆ ತೆಗೆದುಕೊಂಡರು, ಅದೂ ಮೊದಲ ಸಲ. ಭಾರತದ ತಂಡದ ಬಾವುಟ ಹಿಡಿದವರು ಬ್ಯಾನರ್ಜಿ.

ಮ್ಯಾರಥಾನ್ ಓಟ ಆಗಸ್ಟ್ 22ಕ್ಕೆ. ಆ ದಿನ ತಂಪು, ಜಿನುಗುಮಳೆ. ಡೆಕ್ಕನ್ನಿನ ಬಿಸಿಲಿನಲ್ಲಿ ಬೆಳೆದ ಮೈಗೆ ಅದು ಹೊಸ ಹವೆ. ದೂರವೂ ಎಂದಿನದಲ್ಲ: 42.75 ಕಿಲೋಮೀಟರ್. ಒಲಿಂಪಿಕ್ಸ್ ಚರಿತ್ರೆಯಲ್ಲಿ ಇದಕ್ಕಿಂತ ಉದ್ದದ ಮ್ಯಾರಥಾನ್ ಅದಕ್ಕೆ ಮೊದಲೂ ಇಲ್ಲ, ನಂತರವೂ ಇಲ್ಲ. 40ಕ್ಕೂ ಹೆಚ್ಚು ಜನ ಹೊರಟರು. ಮುಂದಿದ್ದವರು ದಕ್ಷಿಣ ಆಫ್ರಿಕಾದ ಗಿಟ್ಶಾಮ್ ಮತ್ತು ಫಿನ್‌ಲೆಂಡಿನ ಹಾನ್ಸ್ ಕೊಲೆಹ್ಮೈನೆನ್. ಗಿಟ್ಶಾಮ್ ಹಿಂದೆ ಬಿದ್ದರು. ವೃತ್ತಿಯಿಂದ ಇಟ್ಟಿಗೆ ಕಟ್ಟುವ ಕೆಲಸಗಾರರಾದ, ಸಸ್ಯಾಹಾರಿ ಕೊಲೆಹ್ಮೈನೆನ್ 2 ಗಂಟೆ 32 ನಿಮಿಷ 35.8 ಸೆಕೆಂಡಿನಲ್ಲಿ ಗೆದ್ದರು. ಎಸ್ತೋನಿಯಾದ ಯೂರಿ ಲೋಸ್ಮನ್ 13 ಸೆಕೆಂಡೂ ತುಂಬುವ ಮೊದಲೇ ಬಂದು ಮುಟ್ಟಿದರು. ಮೂರನೆಯವರಾದ ಇಟಲಿಯ ವಲೇರಿಯೊ ಅರ್ರಿ ಗೆರೆ ದಾಟಿ, ಅಷ್ಟು ಓಡಿದ ಮೇಲೂ ಮೂರು ಲಾಗ ಹಾಕಿದರು.

ಅವರ ಹಿಂದೆ ಒಬ್ಬೊಬ್ಬರೇ ಬಂದರು. ಒದ್ದೆ ರಸ್ತೆಯಿಂದ ಒಳಗೆ ತಿರುಗಿ, ಕ್ರೀಡಾಂಗಣದ ದಾರಿ ಹಿಡಿದು ಗೆರೆ ಮುಟ್ಟಿದ 19ನೆಯವರು ಫಡೆಪ್ಪ ಚೌಗುಲೆ. ಸಮಯ 2 ಗಂಟೆ 50 ನಿಮಿಷ 45.4 ಸೆಕೆಂಡು. ಒಲಿಂಪಿಕ್ಸ್ ಮ್ಯಾರಥಾನ್ ಪೂರೈಸಿದ ಮೊದಲ ಭಾರತೀಯ. ಜೊತೆಗೆ ಹೊರಟ ದಾತಾರ ಅವರಿಗೆ ಓಟ ಮುಗಿಸಲು ಆಗಲಿಲ್ಲ. ಕುಸ್ತಿಯಲ್ಲಿ ಶಿಂದೆ ಕಂಚಿನ ಪದಕದ ಹೊಸ್ತಿಲವರೆಗೆ ಹೋಗಿ 4ನೆಯವರಾದರು.

ಆ ಸಮಯವನ್ನು ಕಿಲೋಮೀಟರಿಗೆ ಹಂಚಿ ನೋಡಿ. ಒಂದೊಂದು ಕಿಲೋಮೀಟರಿಗೆ 4 ನಿಮಿಷ, ಒಂದು ಕೂದಲೆಳೆ ಕಡಿಮೆಯೇ. ಅಂದರೆ ಪ್ರತಿ 1,600 ಮೀಟರಿಗೆ ಸುಮಾರು 6 ನಿಮಿಷ 23 ಸೆಕೆಂಡು. ಇಂದು ಪೊಲೀಸ್ ಭರ್ತಿಗೆ ನಮ್ಮ ತರುಣರು ಒಂದು ಸಲ ಓಡಿ, ಗೆರೆ ದಾಟಿ, ಮಂಡಿಯ ಮೇಲೆ ಕೈಯೂರಿ ಏದುಸಿರು ಬಿಡುವ ಆ ದೂರವನ್ನು, ಅದೇ ಅಳತೆಯೊಳಗೆ, ಚೌಗುಲೆ ಒಂದರ ಹಿಂದೊಂದು 26 ಸಲ ಓಡಿ ಇನ್ನೂ ಸ್ವಲ್ಪ ಮುಂದೆ ಹೋದರು. ಅವರು ಹುಟ್ಟಿದ್ದು 1902ರಲ್ಲಿ. ಆಂಟ್ವರ್ಪ್‌ನಲ್ಲಿ ಓಡುವಾಗ ಪೊಲೀಸ್ ಭರ್ತಿಗೆ ನಿಲ್ಲುವ ಹುಡುಗರದೇ ವಯಸ್ಸು.

ಆ 19ನೆಯ ಸ್ಥಾನ ಎಂಥದು ಎನ್ನುವುದನ್ನು ಮುಂದಿನ ವರ್ಷಗಳು ತೋರಿಸಿದವು. ಒಲಿಂಪಿಕ್ಸ್ ಮ್ಯಾರಥಾನಿನಲ್ಲಿ ಅದಕ್ಕಿಂತ ಮೇಲಿನ ಸ್ಥಾನ ಭಾರತಕ್ಕೆ ಸಿಕ್ಕಿದ್ದು 1976ರಲ್ಲಿ, ಮಾಂಟ್ರಿಯಲ್‌ನಲ್ಲಿ, ಬಿಹಾರದ ಶಿವನಾಥ ಸಿಂಗ್ 11ನೆಯವರಾಗಿ ಬಂದಾಗ. ನಡುವೆ 56 ವರ್ಷ. ಅಷ್ಟರಲ್ಲಿ ದೇಶ ಸ್ವತಂತ್ರವಾಯಿತು, ಕನ್ನಡನಾಡು ಒಂದಾಯಿತು. ಚೌಗುಲೆಯವರ ಹೆಸರು ಮಾತ್ರ ನಮ್ಮ ಮಕ್ಕಳ ಬಾಯಿಗೆ ಬರಲೇ ಇಲ್ಲ. ಬೆಳಗಾವಿ ಜಿಲ್ಲೆಯ ಆಚೆಗೆ, ಬೀದರಿನ ಶಾಲೆಯೊಂದರಲ್ಲಿ ನಿಂತು ಈ ಹೆಸರು ಹೇಳಿದರೆ ತಲೆಯೆತ್ತಿ ನೋಡುವವರು ಎಷ್ಟು ಜನ ಸಿಗಬಹುದು? ಇದು ನನ್ನನ್ನು ನೋಯಿಸುತ್ತದೆ.

ನಿಜಾಮನ ಗಡಿಯೊಳಗೆ

1920ರಲ್ಲಿ ಮನ್ನಾಏಖೇಳ್ಳಿಯಲ್ಲಿ ಚೌಗುಲೆಯವರಂಥದೇ ಕಾಲು ಇದ್ದ ಒಬ್ಬ ಹುಡುಗ ಇದ್ದಿದ್ದರೆ ಏನಾಗುತ್ತಿತ್ತು? ಬೀದರ ಆಗ ನಿಜಾಮನ ರಾಜ್ಯ. ಕಚೇರಿಯ ಭಾಷೆ ಉರ್ದು, ಕನ್ನಡ ಶಾಲೆ ಅಪರೂಪ. ಪುಣೆ ಬ್ರಿಟಿಷರ ಪ್ರಾಂತ್ಯದಲ್ಲಿ, ಗಡಿಯ ಆಚೆ. ಅಲ್ಲಿ ಕ್ರೀಡಾಕೂಟ ನಡೆಯುತ್ತದೆ ಎಂಬ ಸುದ್ದಿ ಈ ಹೊಲಗಳವರೆಗೆ ಬರುವ ದಾರಿಯೇ ಇರಲಿಲ್ಲ. ಹುಡುಗ ಓಡಿ ಓಡಿ, ದನ ಅಟ್ಟಿ, ಹೊಲ ಉತ್ತು, ಮುದುಕನಾಗಿ ಹೋಗುತ್ತಿದ್ದ. 1948ರ ಸೆಪ್ಟೆಂಬರಿನಲ್ಲಿ ನಿಜಾಮನ ಆಳ್ವಿಕೆ ಮುಗಿಯಿತು, 1956ರಲ್ಲಿ ಬೀದರ ಕನ್ನಡ ರಾಜ್ಯಕ್ಕೆ ಸೇರಿತು. ಸಂವಿಧಾನದ 371(ಜೆ) ವಿಧಿ ಈ ಭಾಗದ ಮಕ್ಕಳಿಗೆ ಓದು, ನೌಕರಿಯಲ್ಲಿ ಮೀಸಲು ತಂದಿತು. ಗಡಿ ಹೋಯಿತು, ರಸ್ತೆ ಅಗಲವಾಯಿತು. ಓಟವನ್ನು ನೋಡುವ ಕಣ್ಣು ಮಾತ್ರ ಇನ್ನೂ ಬಂದಿಲ್ಲ.

ಆ ಕಣ್ಣು ಬಂದರೆ ಏನಾಗುತ್ತದೆ ಎಂಬುದಕ್ಕೆ ದೂರ ಹೋಗಬೇಕಾಗಿಲ್ಲ. ಮಹಾರಾಷ್ಟ್ರದ ಬೀಡ ಜಿಲ್ಲೆಯೂ ಒಂದು ಕಾಲಕ್ಕೆ ಬೀದರಿನ ಹಾಗೆ ನಿಜಾಮನ ಸೀಮೆಯೇ. ಅದೇ ಬರ, ಅದೇ ಜೋಳ, ಅದೇ ಒಣ ಹಳ್ಳ. ಅಲ್ಲಿನ ಮಾಂಡವಾ ಹಳ್ಳಿಯ ಬಡ ರೈತರ ಮಗ ಅವಿನಾಶ ಸಾಬಳೆ. ಬಸ್ಸಿಲ್ಲದ ದಾರಿಯಲ್ಲಿ ಆರು ಕಿಲೋಮೀಟರ್ ನಡೆದೋ ಓಡಿಯೋ ಶಾಲೆಗೆ ಹೋದ ಹುಡುಗ. ಸೈನ್ಯ ಸೇರಿ, ಮಹಾರ್ ರೆಜಿಮೆಂಟಿನಲ್ಲಿ ಸಿಯಾಚಿನ್ ಹಿಮದಲ್ಲೂ ರಾಜಸ್ಥಾನದ ಮರಳಿನಲ್ಲೂ ಕಾವಲು ಕಾದವರು. ಓಟಕ್ಕೆ ಬಂದದ್ದೇ ಸೈನ್ಯದಲ್ಲಿ, ಇಪ್ಪತ್ತು ದಾಟಿದ ಮೇಲೆ. ಸೈನ್ಯದ ತರಬೇತುದಾರ ಅಮ್ರೀಷ್ ಕುಮಾರ್ ಆ ಕಾಲುಗಳನ್ನು ನೋಡಿ, ಇವನಿಗೆ ಸ್ಟೀಪಲ್‌ಚೇಸ್ ಒಪ್ಪುತ್ತದೆ ಎಂದರು. ಅದು 2017ರ ಮಾತು. 2018ರಲ್ಲಿ ಸಾಬಳೆ, ಗೋಪಾಲ ಸೈನಿ 1981ರಲ್ಲಿ ಬರೆದ ರಾಷ್ಟ್ರೀಯ ದಾಖಲೆಯನ್ನು ಮುರಿದರು. 2022ರ ಕಾಮನ್‌ವೆಲ್ತ್ ಕ್ರೀಡಾಕೂಟದಲ್ಲಿ 8 ನಿಮಿಷ 11.20 ಸೆಕೆಂಡಿನಲ್ಲಿ ಬೆಳ್ಳಿ. ಚಿನ್ನ ಗೆದ್ದ ಕೀನ್ಯಾದ ಓಟಗಾರನಿಗೂ ಅವರಿಗೂ ನಡುವೆ ಇದ್ದದ್ದು ಸೆಕೆಂಡಿನ ನೂರರಲ್ಲಿ ಐದು ಭಾಗ. 1998ರಿಂದ ಆ ಕೂಟದಲ್ಲಿ ಗಂಡಸರ ಸ್ಟೀಪಲ್‌ಚೇಸಿನ ಮೂರೂ ಪದಕ ಕೀನ್ಯಾದವರದೇ ಆಗಿದ್ದವು. 2023ರ ಏಷ್ಯನ್ ಕ್ರೀಡಾಕೂಟದಲ್ಲಿ ಚಿನ್ನ. 2024ರ ಪ್ಯಾರಿಸ್ ಒಲಿಂಪಿಕ್ಸ್‌ನಲ್ಲಿ ಈ ಓಟದ ಫೈನಲ್ ಮುಟ್ಟಿದ ಮೊದಲ ಭಾರತೀಯ ಪುರುಷ.

ಹೆಣ್ಣುಮಕ್ಕಳ ಸ್ಟೀಪಲ್‌ಚೇಸ್ ಒಲಿಂಪಿಕ್ಸ್‌ಗೆ ಬಂದದ್ದು 2008ರಲ್ಲಿ ಮಾತ್ರ. ಎಂಟೇ ವರ್ಷದಲ್ಲಿ, 2016ರ ರಿಯೋದಲ್ಲಿ, ಲಲಿತಾ ಬಾಬರ್ ಅದರ ಫೈನಲ್ ಓಡಿದರು. ಅವರು ಸತಾರಾ ಜಿಲ್ಲೆಯ ಮಾಣ ತಾಲ್ಲೂಕಿನ ಬರದ ಹಳ್ಳಿಯವರು. ಚೌಗುಲೆಯವರ ಜೊತೆ ಆಂಟ್ವರ್ಪ್‌ಗೆ ಹೋದ ದಾತಾರ ಅವರ ಜಿಲ್ಲೆಯೇ. ಸಾಬಳೆ, ಬಾಬರ್ ಇಬ್ಬರೂ ಮಳೆ ಕೈಕೊಡುವ ಡೆಕ್ಕನ್ನಿನ ಮಕ್ಕಳು. ಇವರ ಹೊಲಕ್ಕೂ ಚಿಟಗುಪ್ಪದ ಹೊಲಕ್ಕೂ ಮಣ್ಣಿನಲ್ಲಿ, ಬಿಸಿಲಿನಲ್ಲಿ, ತಿನ್ನುವ ರೊಟ್ಟಿಯಲ್ಲಿ ಹೆಚ್ಚು ಅಂತರವಿಲ್ಲ.

ಹಾಗಾಗಿ ಬೀದರಿನ ಹುಡುಗರು ನಸುಕಿನಲ್ಲಿ ಲಾರಿಗಳ ನಡುವೆ ಓಡುವುದನ್ನು ಕಂಡಾಗ ನನಗೆ ಹೆಮ್ಮೆಯ ಜೊತೆಗೇ ದುಗುಡವೂ ಆಗುತ್ತದೆ. ಹೆದ್ದಾರಿ ಓಟದ ಜಾಗವಲ್ಲ. ಹೆಣ್ಣುಮಕ್ಕಳಿಗಂತೂ ಬೆಳಕಿಲ್ಲದ ರಸ್ತೆಯಲ್ಲಿ ಓಡುವುದೆಂದರೆ ಮನೆಯವರ ಮಾತು, ದಾರಿಹೋಕರ ಕಣ್ಣು, ಎರಡನ್ನೂ ದಾಟಬೇಕು. ಆದರೂ ಅವರು ಅಣ್ಣನನ್ನೋ ಮಾಮನನ್ನೋ ಜೊತೆ ಕರೆದುಕೊಂಡು ಬಂದು ಓಡುತ್ತಾರೆ. ದಾಟಬೇಕಾದ ತೊಲೆಗಳನ್ನು ಅವರಿಗೆ ಯಾರೂ ಹೊಸದಾಗಿ ನೆಡಬೇಕಾಗಿಲ್ಲ.

ಬೇಕಾದದ್ದು ದೊಡ್ಡ ಕ್ರೀಡಾಂಗಣವೂ ಅಲ್ಲ. ಊರ ಶಾಲೆಯ ಅಂಗಳವನ್ನು ಹದಮಾಡಿ, ನೀರು ನಿಲ್ಲದ ಹಾಗೆ ಗರಸು ಹಾಸಿ, ಅಳತೆ ಹಿಡಿದು ಬಳಿದ ಒಂದು ಮಣ್ಣಿನ ಓಟದ ದಾರಿ. ಉದ್ಯೋಗ ಖಾತ್ರಿ ಯೋಜನೆಯಲ್ಲಿ ಕರ್ನಾಟಕದ ಎಷ್ಟೋ ಪಂಚಾಯಿತಿಗಳು ಶಾಲೆಗೆ ಆಟದ ಮೈದಾನ ಮಾಡಿಕೊಟ್ಟಿವೆ. ಅದರ ಜೊತೆಗೇ ಇದು ಆಗಬಲ್ಲದು. ಊರ ಬಡಿಗೇರರು ಬೇವಿನ ತೊಲೆ ಕೆತ್ತಿ 91.4 ಸೆಂಟಿಮೀಟರಿಗೆ ನಿಲ್ಲಿಸಬಲ್ಲರು. 3.66 ಮೀಟರ್ ಉದ್ದಗಲದ, ತೊಲೆಯ ಬುಡದಲ್ಲಿ ಆಳವಾಗಿ ಮುಂದೆ ಮುಂದೆ ಇಳಿಜಾರಾಗಿ ಮೇಲೇರುವ ನೀರಿನ ಗುಂಡಿಯನ್ನು ನಮ್ಮ ಗೌಂಡಿಗಳು ಒಂದು ವಾರದಲ್ಲಿ ಕಟ್ಟಿಯಾರು. ಹೊಲದ ಒಡ್ಡು ಹಾರಿ ಬೆಳೆದ ಮಕ್ಕಳಿಗೆ ಆ ಓಟ ಕಲಿಸುವುದು ಕಷ್ಟವಾಗದು.

ಎಲ್ಲಕ್ಕಿಂತ ಮುಖ್ಯವಾಗಿ ಒಂದು ವಹಿ ಬೇಕು. ದೈಹಿಕ ಶಿಕ್ಷಕರು ಪ್ರತಿ ತಿಂಗಳು ಮಕ್ಕಳನ್ನು ಓಡಿಸಿ, ಹೆಸರಿನ ಮುಂದೆ ಸಮಯ ಬರೆದಿಡಲಿ. 1,600 ಮೀಟರಿಗೆ ನಿಲ್ಲಿಸದೆ 3,000ಕ್ಕೂ, 5,000ಕ್ಕೂ ಬಿಟ್ಟು ನೋಡಲಿ. ಯಾರ ಉಸಿರು ಎಲ್ಲರದೂ ಮುಗಿದ ಮೇಲೆ ಕುದುರುತ್ತದೆ ಎಂಬುದನ್ನು ಗುರುತಿಸಲಿ. ಆ ಅಂಕಿಗಳನ್ನು ತಾಲ್ಲೂಕಿಗೆ, ಜಿಲ್ಲೆಗೆ, ರಾಜ್ಯದ ಕ್ರೀಡಾ ವಸತಿ ಶಾಲೆಗಳಿಗೆ ಮುಟ್ಟಿಸಲಿ. ಪೊಲೀಸ್ ಭರ್ತಿಗೆ ಓಡುವವರು ಓಡಲಿ, ಗೆಲ್ಲಲಿ, ಅದು ಅವರ ಮನೆಯ ಅನ್ನ. ಆದರೆ ನೂರರಲ್ಲಿ ಒಬ್ಬನ, ಒಬ್ಬಳ ಓಟ ಅಲ್ಲಿಗೆ ಮುಗಿಯಬಾರದು. ಟಾಟಾ ಅವರು 1919ರಲ್ಲಿ ಹಣ ಕೊಡುವುದಕ್ಕೆ ಮೊದಲು ಕೊಟ್ಟದ್ದು ಗಮನ. ಹಣ ಕೊಡಲು ಎಲ್ಲರಿಗೂ ಆಗದು. ಗಮನ ಕೊಡಲು ಊರಿನ ಒಬ್ಬ ಮೇಷ್ಟ್ರಿಗೆ, ಒಬ್ಬ ನಿವೃತ್ತ ಸೈನಿಕನಿಗೆ, ಒಬ್ಬ ಪಂಚಾಯಿತಿ ಸದಸ್ಯೆಗೆ ಆಗುತ್ತದೆ. ಆ ಕೆಲಸ ಈ ವರ್ಷವೇ ಶುರುವಾಗಲಿ. ಶುರುಮಾಡುವ ದಿನ ಮಕ್ಕಳಿಗೆ ಮೊದಲು ಹೇಳಬೇಕಾದ ಹೆಸರು ಬೆಳಗಾವಿಯ ಫಡೆಪ್ಪ ಚೌಗುಲೆಯವರದು.